ಬೇಲಿ ವಿಷಯಕ್ಕೆ ಅಪ್ಪಯ್ಯನಿಗೆ ಲಂಡನ್‌ನಿಂದ ಬರೆದ ಪತ್ರ

ಲಂಡನ್
ಶಿವರಾತ್ರಿ ಮರುದಿನ

ಅಪ್ಪಯ್ಯನಿಗೆ ನಮಸ್ಕಾರ. ನಾನು ಇಲ್ಲಿ ಚೆನ್ನಾಗಿದ್ದೇನೆ. ಅಮ್ಮ, ಅಜ್ಜಿ, ಪುಟ್ಟ ಎಲ್ಲರನ್ನೂ ಕೇಳಿದೆ ಅಂತ ಹೇಳಿ.

ನಿಮ್ಮ ಪತ್ರ ಸೋಮವಾರ ಕೈಗೆ ಬಂತು. ಫೋನಿನಲ್ಲಿ ಇಷ್ಟು ದಿನ "ಏನಿಲ್ಲ, ಎಲ್ಲ ಸರಿ ಇದೆ" ಅಂತಿದ್ದಿರಿ. ದೊಡ್ಡಪ್ಪ ಮೂಡಣ ಬೇಲಿ ಕಿತ್ತು ನಮ್ಮ ನಾಲ್ಕು ಸಾಲು ಅಡಿಕೆ ಮರದ ಈಚೆ ಹಾಕಿಕೊಂಡಿದ್ದು ನನಗೆ ಈಗ ಗೊತ್ತಾಗುತ್ತಿದೆ. ಠಾಣೆಯವರು ಇದು ಸಿವಿಲ್ ವಿಷಯ ಅಂದರು, ತಾಲ್ಲೂಕು ಕಚೇರಿಯವರು ಗಡಿ ಅಳೆಯುವ ಹದ್ದುಬಸ್ತಿಗೆ ಅರ್ಜಿ ಕೊಟ್ಟು ಕಾಯಿರಿ ಅಂದರು, ಊರ ಹಿರಿಯರು ಹಬ್ಬ ಕಳೆಯಲಿ ನೋಡೋಣ ಅಂದರು. ಎಲ್ಲ ಓದಿದೆ. ಕೊನೆಗೆ ಅಂಚಿನಲ್ಲಿ ಅಮ್ಮ ಸಣ್ಣ ಅಕ್ಷರದಲ್ಲಿ "ರಾತ್ರಿ ಊಟ ಬಿಟ್ಟಿದ್ದಾರೆ, ಬಿ.ಪಿ. 170 ಇತ್ತು" ಅಂತ ಬರೆದಿದ್ದು ನೋಡಿದ ಮೇಲೆ ನನಗೆ ಆ ದಿನ ತರಗತಿಯಲ್ಲಿ ಕೂರಲು ಆಗಲಿಲ್ಲ.

ಮುಖ್ಯ ಮಾತು ಮೊದಲೇ ಹೇಳಿಬಿಡುತ್ತೇನೆ. ಬೇಲಿ ಸರಿಸಿದ್ದು ದೀಪಾವಳಿ ಮರುದಿನ. ಅಲ್ಲಿಂದ 6 ತಿಂಗಳ ಒಳಗೆ ಸಿವಿಲ್ ಕೋರ್ಟಿನಲ್ಲಿ ದಾವೆ ಹಾಕಬೇಕು. 1963ರ ಸ್ಪೆಸಿಫಿಕ್ ರಿಲೀಫ್ ಆಕ್ಟಿನ 6ನೇ ಕಲಂ ಅಂದರೆ ವಕೀಲರಿಗೆ ತಕ್ಷಣ ಗೊತ್ತಾಗುತ್ತದೆ. ಆ ದಾವೆಯಲ್ಲಿ ಜಮೀನು ಯಾರದ್ದು ಅನ್ನುವ ದೊಡ್ಡ ವಾದವೇ ಬರುವುದಿಲ್ಲ. ಜಾಗ ನಿಮ್ಮ ಸ್ವಾಧೀನದಲ್ಲಿತ್ತಾ, ನಿಮ್ಮ ಒಪ್ಪಿಗೆ ಇಲ್ಲದೆ, ಕಾನೂನು ಬಿಟ್ಟು ನಿಮ್ಮನ್ನು ಎಬ್ಬಿಸಿದರಾ, ಇಷ್ಟೇ ನೋಡುತ್ತಾರೆ. ಯುಗಾದಿ ಮುಗಿದು ಕೆಲವು ವಾರ ಕಳೆದರೆ ಈ ಬಾಗಿಲು ಮುಚ್ಚಿಹೋಗುತ್ತದೆ. ಆಮೇಲೆ ಉಳಿಯುವುದು ಹಕ್ಕಿನ ದಾವೆ, ಅದು ಬಹಳ ಉದ್ದದ ದಾರಿ. ಹಬ್ಬ ಕಳೆಯಲಿ ಅನ್ನುವವರ ಮಾತು ಕೇಳಬೇಡಿ.

ಮೂರು ಕಡೆ ಹೋಗಿ ಮೂರು ಕಡೆಯಿಂದಲೂ ವಾಪಸ್ ಬಂದೆ, ನನ್ನದೇ ಏನೋ ತಪ್ಪಿರಬೇಕು ಅಂತ ಬರೆದಿದ್ದೀರಲ್ಲ, ಅದು ನನಗೆ ತುಂಬಾ ನೋವಾಯಿತು. ತಪ್ಪು ನಿಮ್ಮದಲ್ಲ ಅಪ್ಪಯ್ಯ. ಯಾವ ಬಾಗಿಲು ತಟ್ಟಬೇಕು ಅನ್ನುವುದೇ ಯಾವತ್ತೂ ಕಷ್ಟದ ಪ್ರಶ್ನೆ. ಈ ಟರ್ಮಿನಲ್ಲಿ ನಾನು ಓದುತ್ತಿರುವುದು ಇದನ್ನೇ, ಇಂಗ್ಲೆಂಡಿನ ಹಳೆಯ ಕೋರ್ಟುಗಳ ಚರಿತ್ರೆ. 850 ವರ್ಷದ ಹಿಂದೆ ಇಲ್ಲಿ ಜಮೀನುದಾರನದ್ದೊಂದು ಕೋರ್ಟು, ಜಿಲ್ಲೆಯದ್ದೊಂದು, ಚರ್ಚಿನದ್ದೊಂದು, ರಾಜನದ್ದೊಂದು. ಜಾತ್ರೆಗೂ ಬೇರೆ ಕೋರ್ಟು! ಧೂಳು ಮೆತ್ತಿದ ಕಾಲಿನವರ ಕೋರ್ಟು ಅಂತ ಅದಕ್ಕೆ ಹೆಸರು, ಊರೂರು ತಿರುಗುವ ವ್ಯಾಪಾರಿಗಳ ಜಗಳವನ್ನು ಅವರು ಮುಂದಿನ ಊರಿಗೆ ಹೊರಡುವ ಮೊದಲೇ ತೀರಿಸುತ್ತಿತ್ತು. ಅಜ್ಜಿಗೆ ಇದನ್ನು ಹೇಳಿ, ಖುಷಿಪಡುತ್ತಾರೆ.

ಆ ಕಾಲದ ಆನ್‌ಸ್ಟಿಯ ರಿಚರ್ಡ್ ಅನ್ನುವವನ ಕಥೆ ಓದುವಾಗ ನಿಮ್ಮದೇ ನೆನಪು. ತೀರಿಕೊಂಡ ಸೋದರಮಾವನ ಜಮೀನಿಗಾಗಿ ಮಾವನ ಮಗಳ ಮೇಲೆ 1158ರಲ್ಲಿ ದಾವೆ ಹಾಕಿದ. ಅವಳು ಸರಿಯಾದ ಮದುವೆಯಿಂದ ಹುಟ್ಟಿದವಳೇ ಅನ್ನುವ ಪ್ರಶ್ನೆ ಎದ್ದಿತು. ಮದುವೆ ವಿಷಯ ಚರ್ಚಿಗೆ ಸೇರಿದ್ದು, ರಾಜನ ಕೋರ್ಟು ಮುಟ್ಟುವ ಹಾಗಿಲ್ಲ. ಅಲ್ಲಿಂದ ಆರ್ಚ್‌ಬಿಷಪ್ ಹತ್ತಿರ, ಅಲ್ಲಿಂದ ರೋಮಿಗೆ, ಪೋಪ್ ಹತ್ತಿರ ಮೇಲ್ಮನವಿ. ರಾಜನ ಅಪ್ಪಣೆ ಬೇಕೆಂದರೆ ರಾಜ ಎಲ್ಲಿದ್ದಾನೋ ಅಲ್ಲಿಗೇ ಹೋಗಬೇಕಿತ್ತು, ಫ್ರಾನ್ಸಿನಲ್ಲಿ ಯುದ್ಧದಲ್ಲಿದ್ದರೆ ಅಲ್ಲಿಗೂ. ಐದು ವರ್ಷ ಹೀಗೆ ಅಲೆದ. ಯಾವ ಪ್ರಯಾಣಕ್ಕೆ ಎಷ್ಟು ಖರ್ಚು, ದಾರಿಯಲ್ಲಿ ಯಾವ ಕುದುರೆ ಸತ್ತಿತು, ಯಾರ ಹತ್ತಿರ ಎಷ್ಟು ಬಡ್ಡಿಗೆ ಸಾಲ ಅಂತ ಎಲ್ಲ ಲೆಕ್ಕ ಬರೆದಿಟ್ಟಿದ್ದಾನೆ. ನೀವು ಹಸಿರು ರಟ್ಟಿನ ಪುಸ್ತಕದಲ್ಲಿ ಬರೆಯುವ ಹಾಗೇ. 1163ರಲ್ಲಿ ಗೆದ್ದ. ಆದರೆ ರಾಜನಿಗೆ 100 ಮಾರ್ಕ್ (ಆಗಿನ ಹಣದ ಅಳತೆ) ಬೆಳ್ಳಿ, ರಾಣಿಗೆ ಒಂದು ಮಾರ್ಕ್ ಚಿನ್ನ ಕೊಟ್ಟು, ಸಾಲದಲ್ಲಿ ಮುಳುಗಿ ಗೆದ್ದ. ಅದಕ್ಕೇ ಹೇಳುತ್ತೇನೆ, ಹಸು ಮಾರುವ ಮಾತು ಬೇಡ, ಸೊಸೈಟಿ ಸಾಲವೂ ಬೇಡ. ಕೋರ್ಟು ಫೀಸಿಗೆ, ವಕೀಲರಿಗೆ ನಾನು ಕಳಿಸುತ್ತೇನೆ. ಶನಿವಾರ ಭಾನುವಾರ ಲೈಬ್ರರಿಯಲ್ಲಿ ಕೆಲಸ ಮಾಡುತ್ತಿದ್ದೇನೆ, ಉಳಿಸಿದ್ದೇನೆ, ಊಟಕ್ಕೆ ಏನೂ ಕಡಿಮೆ ಮಾಡಿಲ್ಲ, ನಿಜವಾಗಿಯೂ.

ಆ ರಾಜ ಎರಡನೇ ಹೆನ್ರಿ. ರಿಚರ್ಡ್ ಗೆದ್ದ ಮೂರು ವರ್ಷಕ್ಕೆ, 1166ರ ಹೊತ್ತಿಗೆ, ಜಮೀನಿನಿಂದ ಹೊಸದಾಗಿ ಎಬ್ಬಿಸಲ್ಪಟ್ಟವರಿಗೆ ಒಂದು ಬೇಗದ ದಾರಿ ಶುರುವಾಯಿತು. ಅಕ್ಕಪಕ್ಕದ 12 ಜನ ಹೋಗಿ ಜಾಗ ನೋಡಿ ಬರಬೇಕು. ಅವರಿಗೆ ಒಂದೇ ಪ್ರಶ್ನೆ: ಇವನನ್ನು ಅನ್ಯಾಯವಾಗಿ, ತೀರ್ಪಿಲ್ಲದೆ ಎಬ್ಬಿಸಿದರೋ ಇಲ್ಲವೋ? ಮೂಲ ಹಕ್ಕಿನ ಮಾತೇ ಇಲ್ಲ. ಅದಕ್ಕೂ ಗಡುವಿತ್ತು, ರಾಜ ಕಳೆದ ಸಲ ಫ್ರಾನ್ಸಿನ ನಾರ್ಮಂಡಿಗೆ ಹೋದ ಮೇಲೆ ನಡೆದಿದ್ದಾದರೆ ಮಾತ್ರ ಅನ್ನುವ ಹಾಗೆ. ನಮ್ಮ 6 ತಿಂಗಳ ಕಲಂ ಓದಿದಾಗೆಲ್ಲ ನನಗೆ ಆ 12 ಜನ ಬೇಲಿ ಹತ್ತಿರ ನಿಂತ ಹಾಗೆ ಕಾಣುತ್ತದೆ.

ಹಕ್ಕಿನ ದಾವೆ ಮಾತ್ರ ಆಗಲೂ ಎಳೆಯುತ್ತಿತ್ತು. ಹಾಸಿಗೆ ಹಿಡಿದಿದ್ದೇನೆ ಅಂತ ಪ್ರತಿವಾದಿ ಹೇಳಿಕಳಿಸಿದರೆ ನಾಲ್ಕು ಜನ ನೈಟ್‌ಗಳು ಮನೆಗೇ ಹೋಗಿ ನೋಡುತ್ತಿದ್ದರು. ನಿಜ ಅಂತ ಕಂಡರೆ ಒಂದು ವರ್ಷ ಒಂದು ದಿನ ವಾಯಿದೆ! ಬೇಗದ ದಾರಿಯಲ್ಲಿ ಇಂಥ ನೆಪ ನಡೆಯುತ್ತಿರಲಿಲ್ಲ, ಪ್ರತಿವಾದಿ ಬರದಿದ್ದರೂ ವಿಚಾರಣೆ ಮುಂದೆ ಹೋಗುತ್ತಿತ್ತು.

ಸುಬ್ಬಣ್ಣ ಹೇಳಿದ್ದನ್ನು ಮಾತ್ರ ಮಾಡಬೇಡಿ, ಕೈ ಮುಗಿದು ಕೇಳುತ್ತೇನೆ. ದೊಡ್ಡಪ್ಪ ಹೊಡೆದರು ಅಂತ ಬರೆದುಕೊಟ್ಟರೆ ಠಾಣೆಯವರು ತೆಗೆದುಕೊಳ್ಳುತ್ತಾರೆ ಅಂದರಂತಲ್ಲ. ಆ ಉಪಾಯವೂ ಹಳೆಯದೇ. ಇಲ್ಲಿನ ರಾಜನ ಕೋರ್ಟುಗಳಲ್ಲಿ ಒಂದಾದ ಕಿಂಗ್ಸ್ ಬೆಂಚ್ ಕೋರ್ಟಿಗೆ ಸಾಲದ ದಾವೆ ತೆಗೆದುಕೊಳ್ಳುವ ಅಧಿಕಾರ ಇರಲಿಲ್ಲ. ಅದಕ್ಕೆ ಪ್ರತಿವಾದಿ ಆ ಕೋರ್ಟು ಕೂರುತ್ತಿದ್ದ ಜಿಲ್ಲೆಯಾದ ಮಿಡ್ಲ್‌ಸೆಕ್ಸ್‌ನಲ್ಲಿ ಅತಿಕ್ರಮಣ ಮಾಡಿದ ಅಂತ ಸುಳ್ಳೇ ಬರೆಯುವುದು, ಅವನನ್ನು ಹಿಡಿದು ತಂದ ಮೇಲೆ ಸಾಲದ ವಿಷಯ ಎತ್ತುವುದು. ಫೀಸು ಬರುತ್ತದೆ ಅಂತ ಜಡ್ಜುಗಳೂ ಒಪ್ಪಿದರು. 1832ರಲ್ಲಿ ಕಾನೂನು ಬಂದು ಅದನ್ನು ನಿಲ್ಲಿಸಬೇಕಾಯಿತು. ಅಲ್ಲಿ ಅದು ಸುಳ್ಳು ಅಂತ ಎಲ್ಲರಿಗೂ ಗೊತ್ತಿತ್ತು. ನಮ್ಮಲ್ಲಿ ಅದು ಒಡಹುಟ್ಟಿದವರ ಮೇಲೆ ಸುಳ್ಳು ಕೇಸಾಗುತ್ತದೆ, ನಿಜ ಇರುವ ದಾವೆಯೂ ಕೆಡುತ್ತದೆ. ನಾಳೆ ಪುಟ್ಟನ ಮದುವೆಗೆ ದೊಡ್ಡಪ್ಪ ಬರಬೇಕು ಅಲ್ವಾ?

ಹೋದ ವಾರ ಇಲ್ಲಿನ ಪಾರ್ಲಿಮೆಂಟಿಗೆ ಸೇರಿದ ಹಳೆಯ ಸಭಾಂಗಣ ವೆಸ್ಟ್‌ಮಿನ್‌ಸ್ಟರ್ ಹಾಲ್ ನೋಡಿ ಬಂದೆ. 1097ರಲ್ಲಿ ಕಟ್ಟಲು ಶುರು ಮಾಡಿದ್ದು, 240 ಅಡಿ ಉದ್ದ. ವಾದಿಗಳು ರಾಜನ ಹಿಂದೆ ಅಲೆಯಬಾರದು, ಜನರ ನಡುವಿನ ಸಾಮಾನ್ಯ ದಾವೆಗಳು ಒಂದೇ ಜಾಗದಲ್ಲಿ ನಡೆಯಬೇಕು ಅಂತ ರಾಜನ ಅಧಿಕಾರಕ್ಕೆ ಮಿತಿ ಹಾಕಿದ ಸನ್ನದಾದ 1215ರ ಮ್ಯಾಗ್ನಾ ಕಾರ್ಟಾದಲ್ಲಿ ಬರೆಸಿದರು. ಆ ಜಾಗ ಇದೇ ಆಯಿತು. ಆಮೇಲೆ ಎಷ್ಟೋ ಕಾಲ ಒಂದೇ ಸೂರಿನಡಿ ಕಿಂಗ್ಸ್ ಬೆಂಚ್, ಕಾಮನ್ ಪ್ಲೀಸ್, ಚಾನ್ಸರಿ ಅನ್ನುವ ಮೂರೂ ಕೋರ್ಟುಗಳು ನಡೆದವು, ನಡುವೆ ಗಿಡ್ಡ ಮರದ ತಡಿಕೆ ಅಷ್ಟೆ, ಪಕ್ಕದಲ್ಲೇ ಪುಸ್ತಕ ಮಾರುವ ಅಂಗಡಿಗಳು. ಅದರಲ್ಲಿ ಚಾನ್ಸರಿ ನಮಗೆ ಬೇಕಾದ್ದು. ಬೇರೆ ಕೋರ್ಟು ನಷ್ಟಕ್ಕೆ ದುಡ್ಡು ಕೊಡಿಸಿದರೆ, ಚಾನ್ಸರಿಯ ಮುಖ್ಯಸ್ಥನಾದ ಚಾನ್ಸಲರ್ "ಈ ಕೆಲಸ ಮಾಡಬೇಡ" ಅಂತ ಮನುಷ್ಯನಿಗೇ ಆಜ್ಞೆ ಮಾಡುತ್ತಿದ್ದ, ಮೀರಿದರೆ ಜೈಲು. ಇದಕ್ಕಾಗಿ ಕೋರ್ಟುಗಳ ನಡುವೆಯೇ ಜಗಳವಾಗಿ, 1616ರಲ್ಲಿ ರಾಜ ಒಂದನೇ ಜೇಮ್ಸ್ ಚಾನ್ಸರಿ ಪರ ಹೇಳಿದ. ನಮ್ಮ ತಡೆಯಾಜ್ಞೆ ಬಂದಿದ್ದು ಆ ಮನೆಯಿಂದಲೇ. ನೀವು ಎರಡು ಕಡೆ ಓಡಬೇಕಾಗಿಲ್ಲ, ಜಾಗ ವಾಪಸ್ ಕೊಡಿಸುವುದು, ತಡೆಯಾಜ್ಞೆ, ಎರಡನ್ನೂ ಒಂದೇ ಕೋರ್ಟು ಕೊಡುತ್ತದೆ. ಕೇಸು ಮುಗಿಯುವವರೆಗೆ ಆ ನಾಲ್ಕು ಸಾಲಿನ ಮರ ಕಡಿಯಬಾರದು, ಅಡಿಕೆ ಕೊನೆ ಕೊಯ್ಯಬಾರದು ಅಂತ ತಡೆಯಾಜ್ಞೆಗೂ ಜೊತೆಗೇ ಅರ್ಜಿ ಹಾಕಿಸಿ.

ಇಲ್ಲಿ 1194ರಿಂದ ರಾಜನ ಕೋರ್ಟಿನ ಸುರುಳಿಗಳನ್ನು, ಕುರಿ ಚರ್ಮದ ಮೇಲೆ ಬರೆದಿದ್ದನ್ನು, ಕಾಪಾಡಿ ಇಟ್ಟಿದ್ದಾರೆ. ನಮ್ಮ ಪಾಲುಪಟ್ಟಿ ಅಟ್ಟದ ಮೇಲಿನ ತಗಡಿನ ಪೆಟ್ಟಿಗೆಯಲ್ಲೇ ಇರಬೇಕು, ಇಳಿಸಿ ನೋಡಿ. ಹೊಸ ಪಹಣಿ ತೆಗೆಸಿ. ಆ ಸಾಲಿನ ಕೊನೆ ಯಾರು ಕೊಯ್ಯುತ್ತಿದ್ದರು, ಮದ್ದು ಯಾರು ಹೊಡೆಯುತ್ತಿದ್ದರು, ಅವರ ಹೆಸರು ಬರೆದಿಡಿ. ಹಳೆಯ ಗೂಟದ ಗುಂಡಿಗಳ ಫೋಟೋ ಪುಟ್ಟ ಇವತ್ತೇ ತೆಗೆಯಲಿ, ಮಳೆ ಬಂದರೆ ಮುಚ್ಚಿಹೋಗುತ್ತವೆ.

ಮಾತ್ರೆ ಬಿಡಬೇಡಿ. ರಾತ್ರಿ ಒಂದು ತುತ್ತಾದರೂ ಮಜ್ಜಿಗೆ ಅನ್ನ ಉಣ್ಣಿ. ನನ್ನ ಬಗ್ಗೆ ಏನೂ ಚಿಂತೆ ಬೇಡ, ಚಳಿ ಕಡಿಮೆಯಾಗಿದೆ, ಕೆಮ್ಮು ಹೋಗಿದೆ, ಸ್ವೆಟರ್ ಹಾಕಿಕೊಂಡೇ ಕೂತಿದ್ದೇನೆ, ಓದೂ ಚೆನ್ನಾಗಿ ನಡೀತಿದೆ. ಕಾಗದ ಬರುವುದು ತಡವಾದೀತು ಅಂತ ಇದರ ಫೋಟೋ ಪುಟ್ಟನ ವಾಟ್ಸಾಪಿಗೂ ಹಾಕುತ್ತೇನೆ. ಭಾನುವಾರ ಫೋನ್ ಮಾಡುತ್ತೇನೆ, ಅಷ್ಟರಲ್ಲಿ ವಕೀಲರನ್ನು ನೋಡಿ ಬಂದಿರಿ. ಅಂಚೆ ತೆಗೆಯುವ ಹೊತ್ತಾಯಿತು, ಓಡಬೇಕು.

ನಿಮ್ಮ ಮಗಳು

ಅಮ್ಮನಿಗೆ: ಬಿ.ಪಿ. ಎಷ್ಟಿದೆ ಅಂತ ದಿನಾ ಪುಟ್ಟನ ಹತ್ತಿರ ಮೆಸೇಜ್ ಹಾಕಿಸು.