ದೈವದ ಕತೆಯಿಂದ ಮನುಷ್ಯನನ್ನು ಅಳಿಸಬೇಡಿ

ಸಂಪಾದಕರಿಗೆ ನಮಸ್ಕಾರ.

ನಿಮ್ಮ ಭಾನುವಾರದ ಪುರವಣಿಯಲ್ಲಿ ಹಳೆಯ ಧರ್ಮಗಳ ದೇವರುಗಳ ಬಗ್ಗೆ ಒಂದು ಲೇಖನ ಬಂದಿತ್ತು. ಗ್ರೀಕರ ದೇವರು ಹೊಟ್ಟೆಕಿಚ್ಚು ಪಡುತ್ತಾರೆ, ಬಾಬಿಲೋನಿನ ದೇವರಿಗೆ ಹಸಿವಾಗುತ್ತದೆ, ಇದೆಲ್ಲ ಮನುಷ್ಯನಿಗೆ ತಿಳಿವಳಿಕೆ ಬರುವ ಮೊದಲಿನ ಕಲ್ಪನೆ, ಅದಕ್ಕೇ ಆ ದೇವರುಗಳು ಅಳಿದುಹೋದರು ಎಂದು ಬರೆದಿದ್ದರು. ಕೊನೆಯಲ್ಲಿ, ನಮ್ಮ ತುಳುನಾಡಿನ ದೈವಗಳ ಕತೆಗಳನ್ನೂ ಸ್ವಲ್ಪ ಶುದ್ಧ ಮಾಡಬೇಕಾದ ಕಾಲ ಬಂದಿದೆ ಎಂಬ ಒಂದು ಸಾಲು ಇತ್ತು. ಆ ಸಾಲು ನನ್ನನ್ನು ಸುಮ್ನೆ ಇರಲು ಬಿಡಲಿಲ್ಲ.

ನಾನು ಕಾಸರಗೋಡಿನ ಬದಿಯಡ್ಕ ಪೇಟೆಯಲ್ಲಿ ಡಿಟಿಪಿ ಕೆಲಸ, ಅಂದರೆ ಅಚ್ಚಿಗೆ ಹೋಗುವುದನ್ನು ಟೈಪ್ ಮಾಡುವ ಕೆಲಸ ಮಾಡುವವಳು. ದೀಪಾವಳಿ ಕಳೆದ ಮೇಲೆ ಮೇ ಕೊನೆಯ ಪತ್ತನಾಜೆಯ ತನಕ ನನ್ನ ಕಂಪ್ಯೂಟರಿನಲ್ಲಿ ಜಾಸ್ತಿ ಇರುವುದು ದೈವಗಳ ಕೋಲ, ನೇಮ, ಕಳಿಯಾಟ, ದೇವಸ್ಥಾನದ ಬ್ರಹ್ಮಕಲಶದ ಆಮಂತ್ರಣಗಳೇ. ಒಂದು ಬದಿ ಕನ್ನಡ, ಇನ್ನೊಂದು ಬದಿ ಮಲಯಾಳ. ಒಳಪುಟದಲ್ಲಿ ಕ್ಷೇತ್ರದ ಬಗ್ಗೆ, ದೈವದ ಬಗ್ಗೆ ಸಣ್ಣ ಬರಹ ಇರುತ್ತದೆ. ಆ ಬರಹ ವರ್ಷದಿಂದ ವರ್ಷಕ್ಕೆ ಬದಲಾಗುವುದನ್ನು ಟೈಪ್ ಮಾಡುತ್ತಾ ನೋಡಿದವಳು ನಾನು. ಅದೇ ಸ್ಥಾನ, ಅದೇ ದೈವ. ಕತೆ ಮಾತ್ರ ಬೇರೆ.

ಕಳೆದ ಸೀಸನ್ನಿನಲ್ಲಿ ಒಂದು ಊರಿನ ಸಮಿತಿಯವರು ಕೊರಗಜ್ಜನ ಕಟ್ಟೆಯ ಪ್ರತಿಷ್ಠೆಗೆ ಆಮಂತ್ರಣ ಮಾಡಿಸಲು ಬಂದರು. ಯಾವ ಊರು ಎಂದು ಹೇಳುವುದಿಲ್ಲ, ಅವರೆಲ್ಲ ಒಳ್ಳೆಯವರೇ. ಮನೆಮನೆ ತಿರುಗಿ ಹಣ ಒಟ್ಟು ಮಾಡಿದವರು. ಅವರು ಮೊದಲು ತಂದುಕೊಟ್ಟ ಬರಹದಲ್ಲಿ ನಾವೆಲ್ಲ ಕೇಳಿದ ಕತೆಯೇ ಇತ್ತು. ತನಿಯ ಎಂಬ ಹುಡುಗ, ಅಸ್ಪೃಶ್ಯರೆಂದು ದೂರ ಇಟ್ಟಿದ್ದ ಕೊರಗರವ. ತಂದೆ ತಾಯಿ ಇಲ್ಲ. ಬೈದೆತಿಯೊಬ್ಬಳು, ಅಂದರೆ ಬಿಲ್ಲವರ ಹೆಂಗಸು, ಸಾಕುತ್ತಾಳೆ. ಏಳು ಜನ ಹೊರುವ ಹೊರೆಯನ್ನು ಒಬ್ಬನೇ ಹೊತ್ತುಕೊಂಡು ದೈವಸ್ಥಾನಕ್ಕೆ ಹೋಗುತ್ತಾನೆ. ಅಲ್ಲಿ ಅವನನ್ನು ಒಳಗೆ ಬಿಡುವುದಿಲ್ಲ. ನಾನು ಹೊತ್ತು ತಂದ ಹೊರೆ ಒಳಗೆ ಬರಬಹುದು, ನಾನು ಬರಬಾರದೇ ಎಂದು ಕೇಳುತ್ತಾನೆ. ಆಮೇಲೆ ಹಣ್ಣು ಕೊಯ್ಯಲು ಹೋದವ ಮಾಯವಾಗುತ್ತಾನೆ, ದೈವವಾಗುತ್ತಾನೆ.

ಪ್ರೂಫ್ ನೋಡಿ ವಾಪಸು ತಂದಾಗ ಕೆಂಪು ಪೆನ್ನಿನಲ್ಲಿ ಅಷ್ಟನ್ನೂ ಹೊಡೆದುಹಾಕಿದ್ದರು. ಅದರ ಜಾಗಕ್ಕೆ "ಶಿವಾಂಶ ಸಂಭೂತನಾಗಿ ಧರೆಗಿಳಿದ" ಎಂಬ ಒಂದು ಸಾಲು. "ಅಕ್ಕ, ಅದೆಲ್ಲ ಹಾಕಿದ್ರೆ ಜಾತಿ ವಿಷಯ ಬರ್ತದೆ, ಸುಮ್ನೆ ಯಾಕೆ?" ಎಂದರು. ನಾನು ಹೇಳಿ ನೋಡಿದೆ, ಕೇಳಲಿಲ್ಲ. ಅವರು ಹೇಳಿದ ಹಾಗೆಯೇ ಟೈಪ್ ಮಾಡಿಕೊಟ್ಟೆ.

ಶಿವನ ಅಂಶ ಎಂದರೆ ದೈವದ ಗೌರವ ಹೆಚ್ಚುತ್ತದೆ ಎಂದು ಅವರು ನಿಜವಾಗಿಯೂ ನಂಬಿದ್ದಾರೆ. ಆದರೆ ಆ ಒಂದು ಸಾಲಿನಿಂದ ಏನಾಯಿತು ನೋಡಿ. ತನಿಯ ಹೋದ. ಸಾಕಿದ ಬೈದೆತಿ ಹೋದಳು. ಮುಖ್ಯವಾಗಿ, ಬಾಗಿಲಲ್ಲಿ ತಡೆದವರು ಹೋದರು. ತಪ್ಪು ಮಾಡಿದವರು ಕತೆಯಿಂದ ಹೊರಗೆ ಬಂದು ಆರಾಮವಾಗಿ ಕೂತರು. ಕೊರಗರನ್ನು ಅಜಲಿನ, ಅಂದರೆ ಸಂಪ್ರದಾಯ ಎಂದು ಹೇರಿದ ಕೀಳು ಚಾಕರಿಯ ಹೆಸರಿನಲ್ಲಿ ಅವಮಾನ ಮಾಡುವುದನ್ನು ನಿಲ್ಲಿಸಲು ಕರ್ನಾಟಕದಲ್ಲಿ 2000ದಲ್ಲಿ ಒಂದು ಕಾಯ್ದೆಯನ್ನೇ ತರಬೇಕಾಯಿತು. ಅಂದರೆ ಆ ಬಾಗಿಲಿನ ಮಾತು ಹಳೇ ಕಾಲದ್ದು ಎಂದು ಬದಿಗೆ ಇಡುವ ಹಾಗಿಲ್ಲ, ಅಲ್ವಾ?

ದೇವರ ಕತೆಯನ್ನು ಶುದ್ಧ ಮಾಡುವ ಆಸೆ ಹೊಸದಲ್ಲ. ನಿಮ್ಮ ಲೇಖಕರು ಹೇಳಿದ ಗ್ರೀಕರಲ್ಲೇ ಇದು 2500 ವರ್ಷಗಳ ಹಿಂದೆ ನಡೆದಿದೆ. ಕ್ಸೆನೋಫನೀಸ್ ಎಂಬವ, ಮನುಷ್ಯರಲ್ಲಿ ಯಾವುದು ನಾಚಿಕೆಗೇಡೋ ಆ ಕಳ್ಳತನ, ಹಾದರ, ಮೋಸವನ್ನೆಲ್ಲ ಕವಿಗಳಾದ ಹೋಮರನೂ ಹೆಸಿಯಡನೂ ದೇವರ ತಲೆಗೆ ಕಟ್ಟಿದ್ದಾರೆ ಎಂದು ಬೈದ. ಇಥಿಯೋಪಿಯದವರ ದೇವರು ಕಪ್ಪು, ಥ್ರೇಸಿನವರ ದೇವರಿಗೆ ಕೆಂಪು ಕೂದಲು, ಎತ್ತು ಕುದುರೆಗಳಿಗೆ ಕೈಯಿದ್ದರೆ ಅವೂ ತಮ್ಮ ಹಾಗಿನ ದೇವರನ್ನೇ ಬರೆಯುತ್ತಿದ್ದವು ಎಂದೂ ಹೇಳಿದ. ಬಹಳ ಬುದ್ಧಿವಂತಿಕೆಯ ಮಾತು, ನಾನು ಒಪ್ಪುತ್ತೇನೆ. ಥಿಯಾಜನೀಸ್ ಎಂಬ ಇನ್ನೊಬ್ಬ ಬೇರೆ ದಾರಿ ಹಿಡಿದ. ಅಪೊಲೊ ಎಂದರೆ ಬೆಂಕಿ, ಪೊಸೈಡನ್ ಎಂದರೆ ನೀರು, ಹೀರಾ ಎಂದರೆ ಗಾಳಿ, ದೇವರುಗಳ ಜಗಳ ಎಂದರೆ ಪಂಚಭೂತಗಳ ತಿಕ್ಕಾಟ ಅಷ್ಟೇ ಎಂದು ವಿವರಣೆ ಕೊಟ್ಟ. ನಮ್ಮ ಆಮಂತ್ರಣಗಳಲ್ಲಿ ಈಗ ಬರುವ ವಿವರಣೆಗಳಿಗೂ ಇದಕ್ಕೂ ದೊಡ್ಡ ವ್ಯತ್ಯಾಸ ನನಗೆ ಕಾಣಲಿಲ್ಲ. ಆಮೇಲೆ ಪ್ಲೇಟೋ ಬಂದ. ತಾಯಿಗೆ ಹೊಡೆತ ಬೀಳುವಾಗ ತಡೆಯಲು ಹೋದ ಹೆಫೈಸ್ಟಸನನ್ನು ತಂದೆ ಜ್ಯೂಸ್ ಎತ್ತಿ ಎಸೆದ ಕತೆಯನ್ನು ತನ್ನ ಆದರ್ಶ ಪಟ್ಟಣದ ಮಕ್ಕಳಿಗೆ ಹೇಳಲೇಬಾರದು ಎಂದ. ಅದರಲ್ಲಿ ಒಳಗಿನ ಅರ್ಥ ಇರಲಿ, ಇಲ್ಲದಿರಲಿ, ಬೇಡ ಎಂದ.

ಈ ಹೆಫೈಸ್ಟಸನ ವಿಷಯಕ್ಕೆ ಸ್ವಲ್ಪ ನಿಲ್ಲಬೇಕು. ಅವನು ಕಮ್ಮಾರ ದೇವರು, ಕುಂಟ. ಅಪ್ಪ ಎಸೆದಾಗ ಇಡೀ ಹಗಲು ಬೀಳುತ್ತಾ ಬಂದು ಸಂಜೆ ಲೆಮ್ನೋಸ್ ದ್ವೀಪದಲ್ಲಿ ಬಿದ್ದ ಎನ್ನುತ್ತದೆ ಹೋಮರನ ಇಲಿಯಡ್. ಅದೇ ಕಾವ್ಯದ ಇನ್ನೊಂದು ಕಡೆ, ಕುಂಟ ಮಗ ಎಂಬ ನಾಚಿಕೆಗೆ ತಾಯಿಯೇ ಎಸೆದಳು ಎಂದೂ ಇದೆ. ದೇವರುಗಳ ಸಭೆಯಲ್ಲಿ ಅವನು ಕುಂಟುತ್ತಾ ಪಾನೀಯ ಹಂಚುವಾಗ ಉಳಿದವರು ಬಿದ್ದು ಬಿದ್ದು ನಗುತ್ತಾರೆ. ಆ ದೇವರುಗಳ ಮನೆ, ಒಡವೆ, ಆಯುಧ ಮಾಡಿಕೊಟ್ಟವನು ಅವನೇ. ಉತ್ತರ ಯುರೋಪಿನವರ ಹಾಡುಗಳಲ್ಲಿ ವೋಲುಂಡ್ ಎಂಬ ಕಮ್ಮಾರ ಬರುತ್ತಾನೆ. ಅವನು ಓಡಿಹೋಗಬಾರದೆಂದು ನಿಡುಡ್ ಎಂಬ ಅರಸ ಅವನ ಕಾಲಿನ ನರ ಕತ್ತರಿಸಿ, ದ್ವೀಪದಲ್ಲಿ ಕೂರಿಸಿ ಒಡವೆ ಮಾಡಿಸಿಕೊಳ್ಳುತ್ತಾನೆ. ವೋಲುಂಡ್ ಅರಸನ ಇಬ್ಬರು ಗಂಡುಮಕ್ಕಳನ್ನು ಕೊಂದು ಸೇಡು ತೀರಿಸಿಕೊಂಡು ಹಾರಿಹೋಗುತ್ತಾನೆ.

ಇದನ್ನು ಓದಿದ ನಮ್ಮ ಕಡೆಯವರಿಗೆ ಕಲ್ಕುಡನ ನೆನಪು ಬರಲೇಬೇಕು. ಕಾರ್ಕಳದ ಗೊಮ್ಮಟನನ್ನು ಕೆತ್ತಿದ ಕಲ್ಕುಟಿಗ. ಸುಮಾರು 42 ಅಡಿಯ ಏಕಶಿಲೆ. ಕೆಲಸ ಮುಗಿದ ಮೇಲೆ ಅರಸ, ಇಂಥದ್ದು ಇನ್ನೊಂದು ಊರಿನಲ್ಲಿ ಆಗಬಾರದೆಂದು ಅವನ ಎಡಗೈ, ಬಲಗಾಲು ಕಡಿಸುತ್ತಾನೆ. ಕಲ್ಕುಡ ವೇಣೂರಿಗೆ ಹೋಗಿ ಉಳಿದ ಒಂದೇ ಕೈಯಲ್ಲಿ ಇನ್ನೊಂದು ಗೊಮ್ಮಟನನ್ನು ಕೆತ್ತುತ್ತಾನೆ. ತಂಗಿ ಕಲ್ಲುರ್ಟಿ ಅಣ್ಣನನ್ನು ಹುಡುಕಿಕೊಂಡು ಬಂದು ಆ ಕೈ ಕಾಲು ನೋಡುತ್ತಾಳೆ. ನನ್ನ ಅಜ್ಜಿ ಗದ್ದೆಯಲ್ಲಿ ನೇಜಿ ನೆಡುವಾಗ ಈ ಪಾಡ್ದನ, ಅಂದರೆ ದೈವದ ಕತೆಯ ತುಳು ಹಾಡು, ಹೇಳುತ್ತಿದ್ದರು. ತಂಗಿ ಅಣ್ಣನನ್ನು ನೋಡುವ ಜಾಗ ಬಂದಾಗ ಸಾಲಿನಲ್ಲಿದ್ದ ಹೆಂಗಸರೆಲ್ಲ ದನಿ ಸೇರಿಸುತ್ತಿದ್ದರು. ಅಣ್ಣ ತಂಗಿ ಇಬ್ಬರೂ ಮಾಯವಾಗಿ ದೈವಗಳಾಗುತ್ತಾರೆ, ಕಾರ್ಕಳದ ಅರಮನೆಗೆ ಉಪದ್ರ ಕೊಡುತ್ತಾರೆ.

ಕಾರ್ಕಳದ ಮೂರ್ತಿ 1432ರದ್ದು, ವೇಣೂರಿನದ್ದು 1604ರದ್ದು, ಒಬ್ಬನೇ ಶಿಲ್ಪಿ ಎರಡನ್ನೂ ಕೆತ್ತಲು ಹೇಗೆ ಸಾಧ್ಯ ಎಂದು ಕೇಳುವವರಿದ್ದಾರೆ. ನಿಜ, ನಡುವೆ 172 ವರ್ಷ ಇದೆ. ಪಾಡ್ದನವನ್ನು ಶಾಸನದ ಪಕ್ಕ ಇಟ್ಟು ಲೆಕ್ಕ ಮಾಡಿದರೆ ತಾಳೆ ಆಗುವುದಿಲ್ಲ. ಆದರೆ ಎರಡು ಊರಿನ ಶಾಸನಗಳೂ ಮೂರ್ತಿ ಮಾಡಿಸಿದ ಅರಸರದ್ದು. ಕಲ್ಲು ಕಡಿದವರ ಕಡೆಯಿಂದ ನಮಗೆ ಬಂದಿರುವುದು ಪಾಡ್ದನ ಒಂದೇ.

ಗ್ರೀಕರಿಗೂ ನಮಗೂ ಒಂದು ವ್ಯತ್ಯಾಸ ನನಗೆ ಕಾಣುತ್ತದೆ. ಹೆಫೈಸ್ಟಸ್ ದೇವರಾಗಿಯೇ ಹುಟ್ಟಿದವನು, ಅವನ ಗಾಯ ಉಳಿದವರಿಗೆ ನಗು. ಕಲ್ಕುಡ ಮನುಷ್ಯನಾಗಿ ಹುಟ್ಟಿದ, ಗಾಯದಿಂದಲೇ ದೈವವಾದ. ಅವನ ಕೋಲದಲ್ಲಿ ಆ ಗಾಯದ ಮುಂದೆ ಊರೇ ಕೈಮುಗಿಯುತ್ತದೆ. ಇದನ್ನು ತಿಳಿವಳಿಕೆ ಇಲ್ಲದವರ ಕಲ್ಪನೆ ಎಂದು ಹೇಗೆ ಹೇಳುವುದು?

ಬಾಬಿಲೋನಿನ ದೇವರ ಹಸಿವಿನ ವಿಷಯಕ್ಕೂ ಲೇಖಕರು ಸ್ವಲ್ಪ ಅವಸರ ಮಾಡಿದ್ದಾರೆ. 3600 ವರ್ಷಕ್ಕೂ ಹಿಂದಿನ ಮಣ್ಣಿನ ಹಲಗೆಗಳಲ್ಲಿ ಆ ಕತೆ ಇದೆ. ಸಣ್ಣ ದೇವರುಗಳು ನದಿ, ಕಾಲುವೆ ಅಗೆದು ಅಗೆದು ಸಾಕಾಗಿ ಹಾರೆ ಬುಟ್ಟಿಗಳಿಗೆ ಬೆಂಕಿ ಹಾಕುತ್ತಾರೆ. ರಾತ್ರಿ ಯಜಮಾನ ಎನ್ಲಿಲನ ಮನೆಯನ್ನು ಸುತ್ತುವರಿಯುತ್ತಾರೆ. ಆಗ ಅವರ ಬದಲು ಕೆಲಸ ಮಾಡಲು, ಮಣ್ಣಿಗೆ ಒಬ್ಬ ದೇವರ ರಕ್ತ ಕಲಸಿ ಮನುಷ್ಯನನ್ನು ಮಾಡುತ್ತಾರೆ. ಮನುಷ್ಯರು ಹೆಚ್ಚಿ ಗದ್ದಲ ಜಾಸ್ತಿಯಾಗಿ ಎನ್ಲಿಲನಿಗೆ ನಿದ್ದೆ ಬರುವುದಿಲ್ಲ. ಪ್ರಳಯ ಕಳಿಸುತ್ತಾನೆ. ಪ್ರಳಯ ಆದ ಮೇಲೆ ನೈವೇದ್ಯ ಕೊಡುವವರಿಲ್ಲದೆ ದೇವರುಗಳೇ ಹಸಿದು ಕೂರುತ್ತಾರೆ. ಉಳಿದ ಒಬ್ಬ ಮನುಷ್ಯ ಬಲಿ ಕೊಟ್ಟಾಗ ನೊಣಗಳ ಹಾಗೆ ಮುತ್ತುತ್ತಾರೆ. ಕೂಲಿಯವರ ಸಿಟ್ಟು, ಯಜಮಾನನ ದರ್ಪ, ದುಡಿಯುವವನನ್ನು ಮುಗಿಸಿದರೆ ಉಣ್ಣುವವನೂ ಉಪವಾಸ ಎಂಬ ಸತ್ಯ, ಎಲ್ಲ ಅದರಲ್ಲಿದೆ. ದೇವರನ್ನು ಮನುಷ್ಯನ ಹಾಗೆ ಮಾಡದಿದ್ದರೆ ಆ ಕಾಲದ ಬಡವ ಇದನ್ನು ಯಾರ ಮುಂದೆ ಹೇಳಬೇಕಿತ್ತು?

ಆ ದೇವರುಗಳು ಮನುಷ್ಯರ ಹಾಗಿದ್ದುದರಿಂದ ಅಳಿದರು ಎಂಬ ಮಾತೂ ಸರಿಯಲ್ಲ. ಕ್ರಿ.ಶ. 391–92ರಲ್ಲಿ ರೋಮಿನ ಚಕ್ರವರ್ತಿ ಥಿಯೋಡೋಸಿಯಸ್ ಬಲಿಯನ್ನೂ ಹಳೆಯ ಪೂಜೆಯನ್ನೂ ಕಾನೂನು ಮಾಡಿ ನಿಷೇಧಿಸಿದ. ಐಸ್‌ಲ್ಯಾಂಡಿನವರು ಸುಮಾರು ಕ್ರಿ.ಶ. 1000ದಲ್ಲಿ ತಮ್ಮ ಆಲ್ಥಿಂಗ್ ಸಭೆಯಲ್ಲಿ ತೀರ್ಮಾನ ಮಾಡಿ ಕ್ರಿಸ್ತ ಧರ್ಮಕ್ಕೆ ಹೋದರು. ನಿಂತದ್ದು ಪೂಜೆ. ಅವರ ಹಳೆಯ ದೇವರುಗಳಾದ ಒಕ್ಕಣ್ಣ ಓಡಿನ್, ತೋಳಕ್ಕೆ ಕೈ ಕೊಟ್ಟ ಟೈರ್, ಇವರ ಕತೆಗಳನ್ನು ಆಮೇಲೂ ಜನ ಬಿಡಲಿಲ್ಲ.

ಮನುಷ್ಯನ ಹಾಗಿರುವ ದೇವರನ್ನು ಪ್ರಶ್ನೆ ಕೇಳಬಹುದು. ನನ್ನ ಮಟ್ಟಿಗೆ ಇದೇ ದೊಡ್ಡ ಸಂಗತಿ. ಯಕ್ಷಗಾನದ ಕವಿ, ಕುಂಬಳೆಯ ಪಾರ್ತಿಸುಬ್ಬನ ಈ ನೆಲದಲ್ಲಿ ವಾಲಿವಧೆಯ ತಾಳಮದ್ದಳೆ ಕೇಳದವರು ಯಾರಿದ್ದಾರೆ? ಬಾಣ ತಾಗಿ ಬಿದ್ದ ವಾಲಿ, ಮರೆಯಲ್ಲಿ ನಿಂತು ಯಾಕೆ ಹೊಡೆದೆ ಎಂದು ರಾಮನನ್ನೇ ಕೇಳುತ್ತಾನೆ. ರಾಮನ ಅರ್ಥ ಹೇಳುವವರು ಬೆವರಬೇಕಾಗುತ್ತದೆ. ಸಭೆಯಲ್ಲಿ ಕೂತ ರಾಮಭಕ್ತರೇ ವಾಲಿಯ ಮಾತಿಗೆ ತಲೆದೂಗುತ್ತಾರೆ. ಯಾರ ಭಕ್ತಿಯೂ ಕಡಿಮೆಯಾಗುವುದಿಲ್ಲ. ಚಂದ್ರಗಿರಿ ಹೊಳೆಯ ಆಚೆಗೆ, ದೈವವನ್ನು ತೆಯ್ಯಂ ಎನ್ನುವ ಕಡೆ, ಪೊಟ್ಟನ್ ತೆಯ್ಯಂ ಇದೆ. ಕೆಂಡದ ಮೇಲೆ ಮಲಗುವ ಆ ತೆಯ್ಯ, ನಿನ್ನನ್ನು ಕಡಿದರೂ ರಕ್ತ, ನನ್ನನ್ನು ಕಡಿದರೂ ರಕ್ತ, ಮತ್ತೆ ಜಾತಿಯ ಮಾತು ಯಾಕೆ ಎಂದು ತೋಟ್ಟಂ ಹಾಡಿನಲ್ಲಿ ಕೇಳುತ್ತದೆ. ಇದನ್ನು ಶುದ್ಧ ಮಾಡಿದರೆ ಉಳಿಯುವುದು ಏನು? ಬರೀ ಕೆಂಡ.

ಇನ್ನೊಂದು ಭಯವೂ ಇದೆ. ಕುಂಬಳೆ ಹತ್ತಿರ ಆರಿಕ್ಕಾಡಿಯಲ್ಲಿ ಆಲಿ ಭೂತ ಇದೆ, ಮುಸ್ಲಿಂ ಮಂತ್ರವಾದಿಯೊಬ್ಬ ದೈವವಾದ ಕತೆ. ಕಡಲಬದಿಯ ಮೊಗವೀರರು ನಂಬುವ ಬೊಬ್ಬರ್ಯ ಬ್ಯಾರಿ (ಕರಾವಳಿಯ ಮುಸ್ಲಿಂ) ವ್ಯಾಪಾರಿಯ ಮಗ ಎನ್ನುತ್ತದೆ ಪಾಡ್ದನ. ಎಲ್ಲ ದೈವಗಳಿಗೂ ಒಂದೇ ನಮೂನೆಯ ಸಾಲು ಹಾಕುತ್ತಾ ಹೋದರೆ ಇವರ ತಂದೆ ತಾಯಿಯರನ್ನು ಎಲ್ಲಿ ಇಡುತ್ತೀರಿ? ತುಳು, ಮಲಯಾಳ, ಕನ್ನಡ, ಬ್ಯಾರಿ ಎಲ್ಲ ಆಡುವ ಈ ಗಡಿಯಲ್ಲಿ ಹಿಂದಿನವರು ಹೇಗೆ ಒಟ್ಟಿಗೆ ಬದುಕಿದ್ದರು ಎಂಬುದಕ್ಕೆ ಈ ಕತೆಗಳೇ ಆಧಾರ.

ಸಮಿತಿಯವರಲ್ಲಿ ನನ್ನ ವಿನಂತಿ ಇಷ್ಟು. ಆಮಂತ್ರಣದ ಬರಹಕ್ಕೆ ಇಂಟರ್‌ನೆಟ್ಟಿನಿಂದ ಸಾಲು ತೆಗೆಯುವ ಬದಲು, ದೈವ ಕಟ್ಟುವವರ ಮನೆಗೆ ಒಮ್ಮೆ ಹೋಗಿ. ಬಣ್ಣ ಹಚ್ಚುವ ಹೊತ್ತಿನಲ್ಲಿ ತೆಂಬರೆ ಎಂಬ ಸಣ್ಣ ಚರ್ಮವಾದ್ಯ ಬಡಿದು ಪಾಡ್ದನ ಹೇಳುವುದು ಆ ಮನೆಯ ಹೆಂಗಸರು. ನಲಿಕೆಯವರು, ಪಂಬದರು, ಪರವರು, ಮಲಯರು, ಕೋಪಾಳರು ಕತೆಯನ್ನು ಇಷ್ಟು ಕಾಲ ಬಾಯಲ್ಲಿ ಉಳಿಸಿದ್ದಾರೆ. ಅಚ್ಚಾಗುವಾಗ ಅವರನ್ನು ಯಾರೂ ಒಂದು ಮಾತು ಕೇಳುವುದಿಲ್ಲ. ಶಿವಾಂಶ ಎಂದು ನಂಬುವವರು ಅದನ್ನೂ ಬರೆಯಲಿ, ನನ್ನ ಅಡ್ಡಿ ಇಲ್ಲ. ಆದರೆ ಬಾಗಿಲಲ್ಲಿ ನಿಂತ ಹುಡುಗನನ್ನು ತೆಗೆಯಬೇಡಿ.

ನಿಮ್ಮ ಪತ್ರಿಕೆಯಿಂದಲೂ ಒಂದು ಕೆಲಸ ಆಗಬಹುದು. ಈ ಸಲ ಕೋಲಗಳು ಶುರುವಾಗುವ ಮೊದಲು, ಪುರವಣಿಯಲ್ಲಿ ವಾರಕ್ಕೊಂದು ಪಾಡ್ದನವೋ ತೋಟ್ಟಮ್ಮೋ ಹಾಕಿ. ಹೇಳಿದವರ ಒಪ್ಪಿಗೆ ಕೇಳಿ ಅವರ ಹೆಸರನ್ನೂ ಊರನ್ನೂ ಮೇಲೆಯೇ ದೊಡ್ಡದಾಗಿ ಹಾಕಿ, ಅವರಿಗೆ ಸಂಭಾವನೆಯನ್ನೂ ಕೊಡಿ. ಒಂದೇ ದೈವಕ್ಕೆ ಎರಡು ಕತೆ ಬಂದರೆ ಎರಡನ್ನೂ ಅಚ್ಚು ಮಾಡಿ. ಬದಿಯಡ್ಕ, ಪೆರ್ಲ, ಮುಳ್ಳೇರಿಯ ಕಡೆಯಿಂದ ಬರುವುದನ್ನೆಲ್ಲ ಟೈಪ್ ಮಾಡಿ, ಹೇಳಿದವರಿಗೆ ಓದಿ ಕೇಳಿಸಿ, ತಿದ್ದಿ ಕಳಿಸುವ ಕೆಲಸವನ್ನು ನಾನು ಹಣ ತೆಗೆದುಕೊಳ್ಳದೆ ಮಾಡಿಕೊಡುತ್ತೇನೆ.

ಇತಿ,
ಡಿಟಿಪಿ ಕೆಲಸದ ಒಬ್ಬ ಓದುಗಳು,
ಬದಿಯಡ್ಕ, ಕಾಸರಗೋಡು ಜಿಲ್ಲೆ