ನಿನ್ ಮೇಲ್ ಓದಿ ನಿದ್ದೆ ಬರ್ಲಿಲ್ಲ ಪುಟ್ಟಿ

ಪುಟ್ಟಿ,

ಬೇರೆಲ್ಲಾ ಸರಿ, ಆದ್ರೆ ಕೊನೇಲಿ ಬರ್ದಿದೀಯಲ್ಲ, "ನಾನು ಕಲ್ತಿದ್ದೇ ಹಳೇದಾಗೋಯ್ತು ಮಾವ, ಇನ್ನು ಯಾರಿಗೂ ಬೇಡ" ಅಂತ, ಆ ಸಾಲೇ ರಾತ್ರಿಯೆಲ್ಲಾ ತಲೇಲಿ ಸುತ್ತಿತು.

ನೀನು ನ್ಯೂಯಾರ್ಕಿನ ಮೆಟ್ರೋಪಾಲಿಟನ್ ಮ್ಯೂಸಿಯಮ್ಮಿಂದ ಒಂದು ಬೆಟ್ಟದ ಪೇಂಟಿಂಗ್ ಫೋಟೋ ಕಳ್ಸಿದ್ಯಲ್ಲ, ಆಲ್ಬರ್ಟ್ ಬಿಯರ್‌ಸ್ಟಾಟ್‌ದು, ಆವತ್ತಿಂದ ಅವನ ಬಗ್ಗೆ ಸಿಕ್ಕಿದ್ದೆಲ್ಲಾ ಓದ್ತಿದೀನಿ. 1830ರಲ್ಲಿ ಜರ್ಮನಿಯ ಜೋಲಿಂಗೆನ್‌ನಲ್ಲಿ ಹುಟ್ಟಿ ಕೂಸಾಗಿದ್ದಾಗ್ಲೇ ಅಮೆರಿಕಕ್ಕೆ ಬಂದೋನು, ಚಿತ್ರ ಕಲಿಯೋಕೆ ಮತ್ತೆ ಜರ್ಮನಿಯ ಡುಸೆಲ್ಡಾರ್ಫ್‌ಗೇ ಹೋದ. 1859ರಲ್ಲಿ ಲ್ಯಾಂಡರ್ ಅನ್ನೋರ ಸರ್ವೆ ತಂಡದ ಜೊತೆ ರಾಕಿ ಬೆಟ್ಟಗಳ ಕಡೆ ಹೋಗಿ ಸ್ಕೆಚ್ ಮಾಡ್ಕೊಂಡ್ ಬಂದು, ಸ್ಟುಡಿಯೋದಲ್ಲಿ ಕೂತು 1863ರಲ್ಲಿ ನೀನು ನೋಡಿದ ಆ 'ಲ್ಯಾಂಡರ್ಸ್ ಪೀಕ್' ಬರ್ದ, ಆರಡಿ ಎತ್ತರ, ಹತ್ತಡಿ ಅಗಲ, ಎರಡೇ ವರ್ಷಕ್ಕೆ 25,000 ಡಾಲರ್‌ಗೆ ಹೋಯ್ತು.

ಅಂಥೋನಿಗೂ ನಿನ್ನ ಭಯಾನೇ ಎದುರು ಬಂದು ನಿಲ್ತು ಕಣೆ. 1888ರಲ್ಲಿ 'ದ ಲಾಸ್ಟ್ ಆಫ್ ದ ಬಫಲೋ' ಬರ್ದ, ಮರುವರ್ಷ ಪ್ಯಾರಿಸ್ಸಿನ ಎಕ್ಸಿಬಿಷನ್‌ಗೆ ಅಮೆರಿಕದ ಸಮಿತಿಯವರೇ ಅದನ್ನ ಬೇಡ ಅಂದ್ರು. ಜನರ ರುಚಿ ಆಗ್ಲೇ ಫ್ರೆಂಚ್ ಕಡೆ ತಿರುಗಿತ್ತು. 1882ರಲ್ಲೇ ಮನೆ ಸುಟ್ಟಿತ್ತು, 1893ರಲ್ಲಿ ಹೆಂಡ್ತಿ ತೀರ್ಕೊಂಡ್ಲು, 1895ರಲ್ಲಿ ದಿವಾಳಿ, 1902ರಲ್ಲಿ ಅವನೂ ಹೋದ. ಬೇಡ ಅಂದ ಆ ಚಿತ್ರ ಈಗ ವಾಷಿಂಗ್ಟನ್ನಿನ ನ್ಯಾಷನಲ್ ಗ್ಯಾಲರಿಯಲ್ಲಿದೆ, ನಿಜ, ಆದ್ರೆ ಅದನ್ನ ಹೇಳಿ ನಿನ್ನ ಸಮಾಧಾನ ಮಾಡಕ್ಕೆ ನಂಗೆ ಮನಸಿಲ್ಲ, ಅವನು ನೋಡಲಿಲ್ವಲ್ಲ.

ನಂಗೆ ಹತ್ರ ಅನ್ಸೋದು ಬೇರೆ ವಿಷ್ಯ. ಎಲ್ಲಾ ಹೋದ್ಮೇಲೂ ಅವನು ಬ್ರಷ್ ಇಡ್ಲಿಲ್ಲ. ನಾನು ಇಟ್ಬಿಟ್ಟೆ. ಫ್ಲೆಕ್ಸ್ ಬಂದ ವರ್ಷ ಬೋರ್ಡ್ ಬರೆಯೋ ಕೆಲ್ಸ ಒಂದೂ ಇಲ್ದೆ ಕೂತಿದ್ದಾಗ ನಿಮ್ಮಮ್ಮ ಬಂದು "ಅಣ್ಣ, ಹೊಸ ಮನೆಗೆ ಹೆಸರು ಬರ್ಕೊಡೋ" ಅಂದ್ಲು, ಅವಳು ಕರುಣೆಗೆ ಕೇಳ್ತಿದಾಳೆ ಅಂದ್ಕೊಂಡು, ಫ್ಲೆಕ್ಸ್ ಅಂಗಡೀಲಿ ಮಾಡಿಸ್ಕೋ ಹೋಗು ಅಂತ ರೇಗಿದೆ. ಹಳೇದಾಗ್ಬಿಟ್ಟೆ ಅಂತ ನಂಗೆ ಯಾರೂ ಹೇಳಿರಲಿಲ್ಲ ಪುಟ್ಟಿ, ನಾನೇ ಹೇಳ್ಕೊಂಡೆ.

ಹೊಸ ಸಾಫ್ಟ್‌ವೇರ್ ಕಲಿಬೇಕಾದ್ರೆ ಕಲಿ, ಅದರ ಬಗ್ಗೆ ನಾನೇನ್ ಹೇಳ್ಲಿ, ನಂಗೊತ್ತಿಲ್ಲ. ಬಿಯರ್‌ಸ್ಟಾಟ್ ಬಯಲಲ್ಲಿ ಕೂತು ಪೇಪರ್ ಮೇಲೆ ಮಾಡಿದ ಚಿಕ್ಕ ಚಿಕ್ಕ ಆಯಿಲ್ ಸ್ಕೆಚ್‌ಗಳೇ ನಂಗೆ ದೊಡ್ಡ ಚಿತ್ರಕ್ಕಿಂತ ಇಷ್ಟ ಆದ್ವು, ನೀನೂ ಕೈಯಲ್ಲಿ ಅಂಥದ್ದೊಂದು ದಿನಾ ಮಾಡ್ತೀಯೇನೋ ನೋಡು, ಟೈಮಿದ್ರೆ ಮಾತ್ರ.

ಇನ್ನೊಂದು. ನಿಮ್ಮಮ್ಮನ ಗೇಟಿನ ಫ್ಲೆಕ್ಸ್ ಬಣ್ಣ ಹೋಗಿದೆ. ಬರ್ಕೊಡ್ಲಾ ಅಂತ ನೀನೇ ಒಂದ್ಸಲ ಕೇಳು, ನಂಗೆ ಬಾಯಿ ಬರಲ್ಲ.

ನಿನ್ನ ಮಾವ