ಹಾಡುವವರ ಹೆಸರೂ ಆಹ್ವಾನ ಪತ್ರಿಕೆಯಲ್ಲಿರಲಿ

ಮಾನ್ಯರೇ,

ಬ್ರೆಜಿಲ್‌ನ ಸಾಂಬಾ ಹಾಡು-ಕುಣಿತ ಅಂದ ಕೂಡಲೇ ನಮ್ಮ ಪತ್ರಿಕೆಗಳಲ್ಲಿ ಕಾರ್ನಿವಲ್‌ನ ಬಣ್ಣದ ಗರಿಗಳ ಫೋಟೊ ಬರುತ್ತದೆ. ಆ ಹಾಡು ಕಟ್ಟಿದವರ ಬಗ್ಗೆ ಜಾಸ್ತಿ ಬರೆಯುವುದಿಲ್ಲ. ರಿಯೊ ಡಿ ಜನೈರೊದ ಕಾರ್ತೋಲಾ ಗಾರೆ ಕೆಲಸದವರು. ತಲೆಗೆ ಸಿಮೆಂಟ್ ಬೀಳದಿರಲಿ ಅಂತ ಹ್ಯಾಟ್ ಹಾಕಿಕೊಳ್ಳುತ್ತಿದ್ದರು, ಕಾರ್ತೋಲಾ (ಎತ್ತರದ ಹ್ಯಾಟ್) ಅನ್ನುವ ಅಡ್ಡಹೆಸರು ಬಂದದ್ದೂ ಅದರಿಂದಲೇ. 1928ರಲ್ಲಿ ಗೆಳೆಯರ ಜೊತೆ ಮಂಗೇರಾ ಸಾಂಬಾ ತಂಡ ಕಟ್ಟಿದವರಲ್ಲಿ ಅವರೂ ಒಬ್ಬರು. ಅಂಥವರು 1950ರ ದಶಕದಲ್ಲಿ ಹೊಟ್ಟೆಪಾಡಿಗೆ ಕಾರು ತೊಳೆಯುತ್ತಿದ್ದರು. ಅವರದೇ ಮೊದಲ ಆಲ್ಬಂ ಬಂದದ್ದು 1974ರಲ್ಲಿ, ವಯಸ್ಸು 65 ಆದಾಗ! ಕ್ಲೆಮೆಂಟಿನಾ ಡಿ ಜೀಸಸ್ ಇಪ್ಪತ್ತು ವರ್ಷಕ್ಕೂ ಹೆಚ್ಚು ಮನೆಗೆಲಸ ಮಾಡಿದವರು. ತಾಯಿಯಿಂದ ಕಲಿತ, ಗುಲಾಮರ ಕಾಲದ ಹಾಡುಗಳನ್ನು ದೊಡ್ಡ ವೇದಿಕೆಯಲ್ಲಿ ಹಾಡಿದ್ದು ಅರವತ್ತು ದಾಟಿದ ಮೇಲೆ.

ನಾನು ಕೋಲಾರದ ಟೊಮೆಟೊ ಮಂಡಿಯೊಂದರಲ್ಲಿ ಲೆಕ್ಕ ಬರೆಯುತ್ತೇನೆ. ನಮ್ಮಲ್ಲಿ ಹಣ್ಣು ಆರಿಸುವ ಹೆಂಗಸರು ಹಾಡುತ್ತಾರೆ. ಹಣ್ಣು ಒಂದು ಕಡೆ, ದೋರೆಗಾಯಿ ಒಂದು ಕಡೆ, ಒಡೆದದ್ದು ಇನ್ನೊಂದು ಕಡೆ. ಕೈ ಓಡಿದ ಹಾಗೆ ಹಾಡೂ ಓಡುತ್ತದೆ. ಒಬ್ಬರು ಎತ್ತಿಕೊಟ್ಟರೆ ಉಳಿದವರು ಸೊಲ್ಲು ಹಿಡಿಯುತ್ತಾರೆ. ಅರ್ಧ ಕನ್ನಡ, ಅರ್ಧ ತೆಲುಗು. ಅವತ್ತು ಬಾಕ್ಸಿಗೆ ರೇಟು ಬಿದ್ದಿದ್ದರೆ ಅದೂ ಹಾಡಿನೊಳಗೆ ಬರುತ್ತದೆ, ಕೂಲಿ ತಡವಾದರೆ ಅದೂ ಬರುತ್ತದೆ. ನಿಂತ ಜಾಗದಲ್ಲೇ ಸಾಲು ಕಟ್ಟುವ ಇಂಥ ಸಾಂಬಾ ಬ್ರೆಜಿಲ್‌ನಲ್ಲೂ ಇದೆ, ಅದಕ್ಕೆ ಪಾರ್ಟಿಡೊ ಆಲ್ಟೊ ಅನ್ನುತ್ತಾರೆ. ಅದನ್ನು ಯೂಟ್ಯೂಬ್‌ನಲ್ಲಿ ಕೇಳಿದಾಗಲೆಲ್ಲ ನನಗೆ ನಮ್ಮ ಶೆಡ್ಡೇ ಕಣ್ಣ ಮುಂದೆ ಬರುತ್ತದೆ. ಲಾರಿ ಬಂತು ಅಂದರೆ ಹಾಡು ಅರ್ಧಕ್ಕೇ ನಿಲ್ಲುತ್ತದೆ, ಬಾಕ್ಸ್ ಹೊರುವ ಹಮಾಲರಿಗೆ ದಾರಿ ಬಿಡಬೇಕಲ್ವಾ.

ಇವರನ್ನು ಯಾರೂ ಕರೆಯುವುದೇ ಇಲ್ಲ ಅಂತಲ್ಲ. ಊರಿನ ಒಂದು ಸಮಾರಂಭಕ್ಕೆ ಕರೆದಿದ್ದರು. ಭಾಷಣ ಮುಗಿಯುವವರೆಗೆ ಕೂರಿಸಿ, ಒಂದು ಹಾಡು ಹಾಡಿಸಿ, ಶಾಲು ಹೊದಿಸಿ ಕಳಿಸಿದರು. ಆಹ್ವಾನ ಪತ್ರಿಕೆಯಲ್ಲಿ ಇದ್ದದ್ದು 'ಜಾನಪದ ಗೀತೆ' ಅಂತ ಅಷ್ಟೇ. ಅವತ್ತಿನ ಕೂಲಿಯೂ ಹೋಯಿತು. ನನಗೆ ತುಂಬಾ ಬೇಜಾರಾಯಿತು.

ಈ ಸಲ ರಾಜ್ಯೋತ್ಸವಕ್ಕಾದರೂ ಜಿಲ್ಲಾಡಳಿತ ಇಂಥವರಿಗೆ ಸಂಜೆ ಏಳರ ಮೇಲೆ ಪೂರ್ತಿ ಒಂದು ಗಂಟೆ ಕೊಡಲಿ. ಅಷ್ಟೊತ್ತಿಗೆ ಇವರ ಕೆಲಸ ಮುಗಿದಿರುತ್ತದೆ. ಹೊರಗಿನಿಂದ ಬರುವ ಆರ್ಕೆಸ್ಟ್ರಾದವರಿಗೆ ಕೊಡುವಂತೆ ಇವರಿಗೂ ಸಂಭಾವನೆ ಕೊಡಲಿ. ಒಬ್ಬೊಬ್ಬರ ಹೆಸರನ್ನೂ, ಊರನ್ನೂ ಅಚ್ಚು ಹಾಕಿಸಲಿ. ತಮಟೆ ಬಾರಿಸುವವರು ಬೇಕಿದ್ದರೆ ನಮ್ಮ ಹಮಾಲರಲ್ಲೇ ಇದ್ದಾರೆ.

ಮಂಡಿ ಗುಮಾಸ್ತ, ಕೋಲಾರ